ಮೂಗು ಬದಲಿಸಲ್ಲ ಅಂದ ನಟ

ಇವತ್ತು ರಾಜಕೀಯ ಬೇಡ. ರೇಡ್ ಬೇಡ, ರೆಸಾರ್ಟ್ ಬೇಡ, ಕುರ್ಚಿ ಕಿತ್ತಾಟವೂ ಬೇಡ. ಇವತ್ತು ಒಬ್ಬ ನಟನ ಕಥೆ ಹೇಳ್ತೀನಿ. ಹೀರೋ ಕಥೆ ಅಲ್ಲ. ಹೀರೋ ಕೈಯಲ್ಲಿ ಗುಂಡು ತಿಂದು ಬೀಳೋಕೇ ಅಂತ ಸಂಬಳ ಪಡೀತಿದ್ದ ಒಬ್ಬ ಮನುಷ್ಯನ ಕಥೆ. ಈತನ ಹೆಸರು ನಿಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತೋ, ಆದರೆ ಮುಖ ತೋರಿಸಿದರೆ 'ಅಯ್ಯೋ, ಇವನಾ!' ಅಂತೀರಿ. ಚೂಪು ಗಲ್ಲ, ಗಿಡುಗನ ಮೂಗು, ಕಿರಿದು ಮಾಡಿದ ಕಣ್ಣು, ತೆಳ್ಳಗಿನ ಮೀಸೆ. ಹೆಸರು ಲೀ ವ್ಯಾನ್ ಕ್ಲೀಫ್.

1952ಕ್ಕೆ ಹೋಗೋಣ. 'ಹೈ ನೂನ್' ಅಂತ ಒಂದು ಸಿನಿಮಾ. ಹೀರೋ ಗ್ಯಾರಿ ಕೂಪರ್. ಊರಿನ ಮಾರ್ಷಲ್ ಮೇಲೆ ಸೇಡು ತೀರಿಸಿಕೊಳ್ಳೋಕೆ ಮಧ್ಯಾಹ್ನ 12ರ ರೈಲಿಗೆ ಒಬ್ಬ ಪಾತಕಿ ಬರ್ತಿದ್ದಾನೆ. ಅವನಿಗಾಗಿ ಸ್ಟೇಷನ್ನಿನಲ್ಲಿ ಮೂವರು ಸಹಚರರು ಕಾಯ್ತಾರೆ. ಕಥೆ ಇಷ್ಟೇ. ಆ ಸಿನಿಮಾಗೆ ನಾಲ್ಕು ಆಸ್ಕರ್ ಬಂತು. ಈಗ ಗಮನಿಸಿ. ಸಿನಿಮಾ ಶುರುವಾದಾಗ ತೆರೆ ಮೇಲೆ ಮೊದಲು ಕಾಣೋದು ಗ್ಯಾರಿ ಕೂಪರ್ ಅಲ್ಲ. ಬಯಲಲ್ಲಿ ಸಿಗರೇಟು ಸೇದುತ್ತಾ ಒಬ್ಬ ಕಾಯ್ತಿದ್ದಾನೆ. ಅವನೇ ವ್ಯಾನ್ ಕ್ಲೀಫ್. ಆತನ ಮೊದಲ ಸಿನಿಮಾ, ಮೊದಲ ಶಾಟ್. ಆಮೇಲೆ? ಆಮೇಲೆ ಇಡೀ ಸಿನಿಮಾದಲ್ಲಿ ಆತನಿಗೆ ಒಂದೇ ಒಂದು ಮಾತಿಲ್ಲ. ಸ್ಟೇಷನ್ನಿನಲ್ಲಿ ಕೂತು ಮೌತ್ ಆರ್ಗನ್ ಊದ್ತಾನೆ, ಕೊನೆಗೆ ಗುಂಡು ತಿಂದು ಸಾಯ್ತಾನೆ.

ಯಾಕೆ ಮಾತಿಲ್ಲ? ಇಲ್ಲಿದೆ ನೋಡಿ ಕಥೆ. ನಿರ್ಮಾಪಕ ಸ್ಟ್ಯಾನ್ಲಿ ಕ್ರೇಮರ್ ಈತನನ್ನು 'ಮಿಸ್ಟರ್ ರಾಬರ್ಟ್ಸ್' ಅನ್ನೋ ನಾಟಕದಲ್ಲಿ ನೋಡಿದ್ದ. ಮೊದಲು ಕೊಡಬೇಕು ಅಂದುಕೊಂಡಿದ್ದು ಡೆಪ್ಯುಟಿ ಪಾತ್ರ. ಸಾಕಷ್ಟು ದೊಡ್ಡ ಪಾತ್ರ, ಹೀರೋ ಎದುರು ನಿಂತು ಮಾತಾಡುವ ಪಾತ್ರ. ಆದರೆ ಒಂದು ಷರತ್ತು. ಮೂಗು ಆಪರೇಷನ್ ಮಾಡಿಸಿಕೋ, ತುಂಬಾ ಚೂಪಾಗಿದೆ, ನೋಡಿದರೆ ವಿಲನ್ ಥರ ಇದ್ದೀಯ ಅಂತ. ಈತ ಆಗಲ್ಲ ಅಂದ. ಡೆಪ್ಯುಟಿ ಪಾತ್ರ ಲಾಯ್ಡ್ ಬ್ರಿಡ್ಜಸ್‌ಗೆ ಹೋಯ್ತು. ಈತನಿಗೆ ಸಿಕ್ಕಿದ್ದು ಮೌತ್ ಆರ್ಗನ್ನು.

ನೀವೇ ಯೋಚನೆ ಮಾಡಿ. 26 ವರ್ಷದ ಹುಡುಗ. ಎರಡನೇ ಮಹಾಯುದ್ಧದಲ್ಲಿ ನೌಕಾಪಡೆಯಲ್ಲಿ ದುಡಿದು ಬಂದವನು. ನೀರಿನಲ್ಲಿ ಶತ್ರು ಇಟ್ಟ ಸ್ಫೋಟಕಗಳನ್ನು ಹುಡುಕಿ ತೆಗೆಯುವ ಹಡಗಿನಲ್ಲಿ ಸೋನಾರ್ ಕೆಲಸ. ಸೋನಾರ್ ಅಂದ್ರೆ ನೀರೊಳಗೆ ಶಬ್ದ ಬಿಟ್ಟು, ಅದು ಬಡಿದು ವಾಪಸ್ ಬರೋದನ್ನು ಕಿವಿಗೊಟ್ಟು ಕೇಳೋದು. ಸದ್ದಿಲ್ಲದೆ ಕೂತು ಕೇಳಿಸಿಕೊಳ್ಳುವ ಕೆಲಸ. ವಾಪಸ್ ಬಂದ ಮೇಲೆ ಲೆಕ್ಕಪತ್ರ ಬರೆಯುವ ಕೆಲಸ. ಸಂಜೆ ಹೊತ್ತು ನಾಟಕ. ಆಮೇಲೆ ಒಂದು ದಿನ ಹಾಲಿವುಡ್ ಬಾಗಿಲು ತೆರೆಯುತ್ತೆ. ಮೂಗು ಒಂದು ಕೊಟ್ಟರೆ ಸಾಕು, ಒಳಗೆ ಬಾ ಅನ್ನುತ್ತೆ. ನೀವಾಗಿದ್ದರೆ ಏನು ಮಾಡ್ತಿದ್ರಿ?

ಮೂಗು ಉಳಿಯಿತು. ಆದರೆ ಅದರ ಬೆಲೆಯನ್ನು ಈತ 13 ವರ್ಷ ಕಟ್ಟಿದ. 1952ರಿಂದ 1965ರವರೆಗೆ. ಅದೇ ಮುಖ ನೋಡಿ, 'ಸರಿ, ಇವನು ಕೆಟ್ಟವನು' ಅಂತ ಮೊಹರು ಒತ್ತಿಬಿಟ್ಟರು. ಸಿನಿಮಾ ಮೇಲೆ ಸಿನಿಮಾ. 'ಗನ್‌ಫೈಟ್ ಅಟ್ ದಿ ಓ.ಕೆ. ಕೊರಾಲ್', 'ದಿ ಟಿನ್ ಸ್ಟಾರ್', 'ರೈಡ್ ಲೋನ್‌ಸಮ್'. ಟಿವಿಯಲ್ಲಿ 'ಗನ್‌ಸ್ಮೋಕ್', 'ದಿ ರೈಫಲ್‌ಮ್ಯಾನ್'. ಬಾಗಿಲು ತಳ್ಳಿಕೊಂಡು ಬಾ, ಕೆಕ್ಕರಿಸಿ ನೋಡು, ಬಂದೂಕಿಗೆ ಕೈ ಹಾಕು, ಸಾಯಿ. 1953ರಲ್ಲಿ ಒಂದು ರಾಕ್ಷಸ ಪ್ರಾಣಿಯ ಸಿನಿಮಾದಲ್ಲಿ ಆ ಪ್ರಾಣಿಗೆ ಗುರಿಯಿಟ್ಟು ಹೊಡೆಯುವ ಸೈನಿಕನ ಪಾತ್ರ ಸಿಕ್ಕಿತ್ತು. ಅಪರೂಪಕ್ಕೆ ಒಳ್ಳೆಯವನು. ಅದು ಬಿಟ್ಟರೆ ಬಹುತೇಕ ಎಲ್ಲವೂ ಅದೇ.

1962ರಲ್ಲಿ ಜಾನ್ ಫೋರ್ಡ್ ನಿರ್ದೇಶನದ 'ದಿ ಮ್ಯಾನ್ ಹೂ ಶಾಟ್ ಲಿಬರ್ಟಿ ವ್ಯಾಲೆನ್ಸ್'. ವಿಲನ್ ಲೀ ಮಾರ್ವಿನ್. ಅವನ ಹಿಂದೆ ನಿಲ್ಲೋಕೆ ಇಬ್ಬರು ಚೇಲಾಗಳು. ಅದರಲ್ಲಿ ಒಬ್ಬ ನಮ್ಮ ವ್ಯಾನ್ ಕ್ಲೀಫ್. ಅಂದ್ರೆ ಹತ್ತು ವರ್ಷ ದುಡಿದ ಮೇಲೂ ಈತ ವಿಲನ್ ಕೂಡ ಅಲ್ಲ, ವಿಲನ್‌ನ ಹಿಂದೆ ನಿಲ್ಲುವವನು. ಈ ಲೀ ಮಾರ್ವಿನ್ ಹೆಸರು ನೆನಪಿಟ್ಟುಕೊಳ್ಳಿ. ಮತ್ತೆ ಬರುತ್ತೆ.

ಈ ನಡುವೆ ಇನ್ನೊಂದು ಪೆಟ್ಟು. 50ರ ದಶಕದ ಕೊನೆಯಲ್ಲಿ ಕಾರು ಅಪಘಾತ. ಮಂಡಿ ಪುಡಿ. ಇನ್ನು ಕುದುರೆ ಹತ್ತೋದು ಮರೆತುಬಿಡು ಅಂದರು ಡಾಕ್ಟರು. ಬೇರೆ ಯಾರಿಗಾದರೂ ಕುದುರೆ ಅನ್ನೋದು ಶೋಕಿ. ಈತನಿಗೆ ಕುದುರೆ ಅಂದ್ರೆ ಅನ್ನ. ಹತ್ತಿದ, ನಿಜ. ಆದರೆ ಆ ನೋವು ಕೊನೆವರೆಗೂ ಬಿಡಲಿಲ್ಲ. ಅಷ್ಟು ಹೊತ್ತಿಗೆ ಹಾಲಿವುಡ್‌ನಲ್ಲಿ ವೆಸ್ಟರ್ನ್ ಸಿನಿಮಾಗಳೇ ಕಡಿಮೆಯಾಗ್ತಾ ಬಂದವು. ಅವಕಾಶ ಬತ್ತಿತು. ಈತ ಕುಂಚ ಹಿಡಿದು ಚಿತ್ರ ಬರೆಯೋಕೆ ಕೂತ. ಹೆಂಡತಿ ಜೊತೆ ಸೇರಿ ಮನೆಗಳ ಒಳಾಂಗಣ ಅಲಂಕಾರದ ವ್ಯವಹಾರ ಮಾಡಿದ. ಫೋನ್ ಬಿಲ್ ಕಟ್ಟೋಕೂ ಕಾಸಿಲ್ಲದ ಸ್ಥಿತಿ ಬಂತು ಅಂತ ಮುಂದೆ ತಾನೇ ಹೇಳಿಕೊಂಡಿದ್ದಾನೆ.

ಇಲ್ಲೊಂದು ನಿಮಿಷ ನಿಲ್ಲೋಣ. ಫೋನ್ ಬಿಲ್ಲಿಗೆ ಕಾಸಿಲ್ಲ. ಆದರೆ ಅದೇ ಹೊತ್ತಿಗೆ ಅಮೆರಿಕದ ಟಿವಿಗಳಲ್ಲಿ 50ರ ದಶಕದ ಹಳೇ ಸಿನಿಮಾಗಳು ಮರುಪ್ರಸಾರ ಆಗೋಕೆ ಶುರುವಾಗಿತ್ತು. ಜಾಹೀರಾತು ಬರ್ತಿತ್ತು, ದುಡ್ಡು ಬರ್ತಿತ್ತು. ಆ ದುಡ್ಡಲ್ಲಿ ನಟನಿಗೆ ಪಾಲು ಎಷ್ಟು? ಇದರ ಮೇಲೇ 1960ರ ಮಾರ್ಚ್‌ನಲ್ಲಿ ಹಾಲಿವುಡ್ ನಟರ ಸಂಘ ಮುಷ್ಕರ ಹೂಡಿತು. ಆಗ ಸಂಘದ ಅಧ್ಯಕ್ಷ ಯಾರು ಗೊತ್ತಾ? ರೊನಾಲ್ಡ್ ರೇಗನ್. ಹೌದು, ಮುಂದೆ ಅಮೆರಿಕದ ಅಧ್ಯಕ್ಷ ಆದರಲ್ಲ, ಅವರೇ. ಒಪ್ಪಂದ ಏನಾಯ್ತು ಅಂದ್ರೆ, 1960ರಿಂದ ಮುಂದೆ ತಯಾರಾದ ಸಿನಿಮಾ ಟಿವಿಯಲ್ಲಿ ಬಂದರೆ ನಟರಿಗೆ ಪಾಲು. ಅದಕ್ಕೂ ಹಿಂದಿನ ಸಿನಿಮಾಗಳಿಗೆ ಪಾಲಿಲ್ಲ. ಅದರ ಬದಲು ಪಿಂಚಣಿ ಮತ್ತು ಆರೋಗ್ಯ ನಿಧಿಗೆ ನಿರ್ಮಾಪಕರಿಂದ ಒಟ್ಟು 22.5 ಲಕ್ಷ ಡಾಲರ್.

ಪಿಂಚಣಿ ಬಂದಿದ್ದು ದೊಡ್ಡ ಗೆಲುವು, ಅದನ್ನು ಅಲ್ಲಗಳೆಯಲ್ಲ. ಆದರೆ ಲೆಕ್ಕ ಹಾಕಿ. 'ಹೈ ನೂನ್' ಸಿನಿಮಾದ್ದು 1952. 'ಓ.ಕೆ. ಕೊರಾಲ್'ದ್ದು 1957. ಈತ ಹೆಚ್ಚು ದುಡಿದ ಸಿನಿಮಾಗಳೆಲ್ಲ ಆ ಗೆರೆಯ ಹಿಂದೆ ಉಳಿದವು. ಸ್ಟಾರ್‌ಗಳಿಗೆ ತೊಂದರೆಯಿಲ್ಲ, ಅವರು ಆಗಲೇ ದೊಡ್ಡ ಮೊತ್ತ ಎಣಿಸಿಕೊಂಡಿದ್ದರು. ಏಟು ಬಿದ್ದದ್ದು ದಿನಗೂಲಿ ಲೆಕ್ಕದಲ್ಲಿ ಬಂದು ಗುಂಡು ತಿಂದು ಹೋದವರಿಗೆ. ಮುಖ ಮನೆಮನೆಗೆ ತಲುಪುತ್ತಿದೆ, ಮುಖದ ಮಾಲೀಕನ ಮನೆಗೆ ಮಾತ್ರ ಏನೂ ಬರ್ತಿಲ್ಲ.

ಈಗ 1965. ಇಟಲಿಯ ನಿರ್ದೇಶಕ ಸೆರ್ಜಿಯೋ ಲಿಯೋನೆ. ಹಿಂದಿನ ವರ್ಷವಷ್ಟೇ ಕ್ಲಿಂಟ್ ಈಸ್ಟ್‌ವುಡ್‌ನ ಹಾಕಿಕೊಂಡು 'ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್' ಮಾಡಿ ಗೆದ್ದಿದ್ದಾನೆ. ಜಪಾನಿನ ಕುರೊಸಾವಾ ಅವರ 'ಯೊಜಿಂಬೋ' ಕಥೆಯನ್ನೇ ಎತ್ತಿ ಕುದುರೆ ಮೇಲೆ ಕೂರಿಸಿದ ಸಿನಿಮಾ ಅದು. ಅದಕ್ಕೆ ಕೇಸೂ ಬಿತ್ತು, ಅದು ಬೇರೆ ವಿಷಯ. ಮುಂದಿನ ಸಿನಿಮಾ 'ಫಾರ್ ಎ ಫ್ಯೂ ಡಾಲರ್ಸ್ ಮೋರ್'ಗೆ ಕರ್ನಲ್ ಮಾರ್ಟಿಮರ್ ಅನ್ನೋ ಪಾತ್ರಕ್ಕೆ ಲಿಯೋನೆ ಮನಸ್ಸಿನಲ್ಲಿ ಇದ್ದಿದ್ದು ಯಾರು? ಲೀ ಮಾರ್ವಿನ್! ಮಾರ್ವಿನ್ 'ಕ್ಯಾಟ್ ಬಲೂ' ಅನ್ನೋ ಬೇರೆ ಸಿನಿಮಾ ಒಪ್ಪಿಕೊಂಡ. ಅದಕ್ಕೆ ಆಸ್ಕರ್ ಕೂಡ ಹೊಡೆದ. ಆದ್ದರಿಂದ ಅವನಿಗೆ ನಷ್ಟವೇನೂ ಆಗಲಿಲ್ಲ. ಆದರೆ ಆ ಖಾಲಿ ಜಾಗಕ್ಕೆ ಲಿಯೋನೆಗೆ ನೆನಪಾಗಿದ್ದು 50ರ ದಶಕದ ಸಿನಿಮಾಗಳಲ್ಲಿ ಮೂಲೆಯಲ್ಲಿ ನಿಲ್ಲುತ್ತಿದ್ದ ಒಂದು ಗಿಡುಗನ ಮುಖ. ಹೆಸರಿಗಿಂತ ಮುಖ ನೆನಪಿತ್ತು. ಹುಡುಕಿಕೊಂಡು ಅಮೆರಿಕಕ್ಕೇ ಬಂದ.

ಯಾವ ಮೂಗು ಬೇಡ ಅಂತ ಹಿಂದೆ ಹಾಲಿವುಡ್ ಹೇಳಿತ್ತೋ, ಅದೇ ಮೂಗಿಗೆ ಇಟಲಿಯಿಂದ ಗಿರಾಕಿ ಬಂದಿದ್ದ.

ಆ ಸಿನಿಮಾದಲ್ಲಿ ಈತನ ಮೊದಲ ದೃಶ್ಯ ನೋಡಿ. ರೈಲಿನಲ್ಲಿ ಒಬ್ಬ ಬೈಬಲ್ ಓದ್ತಾ ಕೂತಿದ್ದಾನೆ. ಮುಖ ಕಾಣಲ್ಲ. ಎದುರಿನವನು ಪಾದ್ರಿ ಅಂದುಕೊಂಡು ಮಾತಾಡಿಸ್ತಾನೆ. ಪುಸ್ತಕ ಕೆಳಗೆ ಇಳಿಯುತ್ತೆ. ಆ ಮುಖ! ಎದುರಿನವನ ಮಾತು ನಿಂತುಹೋಗುತ್ತೆ. ತಾನು ಇಳಿಯಬೇಕಾದ ಊರಲ್ಲಿ ರೈಲು ನಿಲ್ಲಲ್ಲ ಅಂದಾಗ ಈತ ರೈಲನ್ನೇ ನಿಲ್ಲಿಸ್ತಾನೆ. 13 ವರ್ಷದ ಹಿಂದೆ ಸ್ಟೇಷನ್ನಿನಲ್ಲಿ ಇನ್ನೊಬ್ಬನ ರೈಲಿಗೆ ಕಾಯ್ತಾ ಕೂತಿದ್ದವನು ಈಗ ತನಗಾಗಿ ರೈಲು ನಿಲ್ಲಿಸ್ತಾನೆ. ಪಾತ್ರವೂ ಕೆಟ್ಟವನದ್ದಲ್ಲ. ತಂಗಿಯ ಸಾವಿಗೆ ಕಾರಣನಾದವನನ್ನು ಹುಡುಕುತ್ತಾ ಹೊರಟ ಅಣ್ಣ. ಕೊನೆಯಲ್ಲಿ ಬಹುಮಾನದ ದುಡ್ಡು ಬೇಡ ಅಂತ ಬಿಟ್ಟು ಹೊರಟುಹೋಗ್ತಾನೆ. ಆಗ ಈತನ ವಯಸ್ಸು 40. ತೆರೆ ಮೇಲೆ 50 ದಾಟಿದವನ ಹಾಗೆ ಕಾಣ್ತಾನೆ. ಆ ಸುಕ್ಕುಗಳು ಮೇಕಪ್ಪಿನಿಂದ ಬಂದವಲ್ಲ.

ಮರುವರ್ಷ 'ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ'. ಇದನ್ನು ನೀವು ನೋಡಿರ್ತೀರಿ. ನೋಡಿಲ್ಲ ಅಂದ್ರೂ ಅದರ ಮ್ಯೂಸಿಕ್ ಯಾರದೋ ಮೊಬೈಲ್ ರಿಂಗ್‌ಟೋನ್ ಆಗಿ ಕೇಳಿರ್ತೀರಿ. ಈಸ್ಟ್‌ವುಡ್ ಒಳ್ಳೆಯವನು, ಈಲೈ ವಾಲಕ್ ಕುರೂಪಿ, ವ್ಯಾನ್ ಕ್ಲೀಫ್ ಕೆಟ್ಟವನು. ಕೊನೆಯಲ್ಲಿ ಸ್ಮಶಾನದ ಮಧ್ಯೆ ಮೂವರ ಕಾಳಗ. ಸ್ಪೇನ್ ದೇಶದ ಬುರ್ಗೋಸ್ ಹತ್ತಿರ ಸ್ಪೇನ್ ಸೇನೆಯ ಸೈನಿಕರೇ ಸಾವಿರಾರು ಸುಳ್ಳು ಗೋರಿಗಳನ್ನು ಕಟ್ಟಿಕೊಟ್ಟ ಜಾಗ ಅದು. ನಿಮಿಷಗಟ್ಟಲೆ ಯಾರೂ ಮಾತಾಡಲ್ಲ. ಎನ್ನಿಯೋ ಮೊರಿಕೋನೆಯ ಸಂಗೀತ, ಕಣ್ಣು, ಕೈ, ಬಂದೂಕು, ಮತ್ತೆ ಕಣ್ಣು. ವ್ಯಾನ್ ಕ್ಲೀಫ್ ಕೈಯನ್ನು ಕ್ಯಾಮೆರಾ ಹತ್ತಿರದಿಂದ ತೋರಿಸುವಾಗ ಗಮನಿಸಿ, ಬಲಗೈ ನಡುಬೆರಳಿನ ತುದಿ ಇಲ್ಲ. ಅದು ಬಂದೂಕಿನ ಗಾಯವಲ್ಲ. ಮಗಳಿಗೆ ಆಟದ ಮನೆ ಕಟ್ಟಿಕೊಡುವಾಗ ಹೋದ ಬೆರಳು. ತೆರೆ ಮೇಲೆ ಜಗತ್ತೇ ನಡುಗಿದ ಆ ಕೈ, ಮನೆಯಲ್ಲಿ ಮರ ಕೊಯ್ಯುತ್ತಿದ್ದ ಅಪ್ಪನ ಕೈ.

ಅದೇ ಸಿನಿಮಾದಲ್ಲಿ ಒಬ್ಬ ಹೆಣ್ಣುಮಗಳಿಗೆ ಕಪಾಳಕ್ಕೆ ಹೊಡೆಯುವ ದೃಶ್ಯವಿದೆ. ಸಿನಿಮಾದಲ್ಲೂ ಹೆಂಗಸಿಗೆ ಕೈ ಎತ್ತಲ್ಲ, ನಾಯಿಗೆ ಒದೆಯಲ್ಲ, ಇದು ನನ್ನ ನಿಯಮ ಅಂತ ಈತ ಸಂದರ್ಶನದಲ್ಲಿ ಹೇಳಿದ್ದ. ಮುಖ ನೋಡಿ ಮನುಷ್ಯನನ್ನು ಅಳೆಯುವವರಿಗೆ ಇಷ್ಟು ಸಾಕು ಅನ್ಸುತ್ತೆ.

ದುಡ್ಡಿನ ಲೆಕ್ಕವನ್ನೂ ಹೇಳಿಬಿಡ್ತೀನಿ. ಆತನೇ ಹೇಳಿದ ಪ್ರಕಾರ ಲಿಯೋನೆಯ ಮೊದಲ ಸಿನಿಮಾಗೆ ಸಿಕ್ಕಿದ್ದು 17 ಸಾವಿರ ಡಾಲರ್. ಫೋನ್ ಬಿಲ್ ಕಟ್ಟಿದ. ಒಂದೇ ವರ್ಷದಲ್ಲಿ ಅದು ಲಕ್ಷ ಡಾಲರ್ ದಾಟಿತು. ಆಮೇಲೆ 'ದಿ ಬಿಗ್ ಗನ್‌ಡೌನ್', 'ಡೆತ್ ರೈಡ್ಸ್ ಎ ಹಾರ್ಸ್', 'ಡೇ ಆಫ್ ಆಂಗರ್', 'ಸಬಾಟಾ'. ಪೋಸ್ಟರಿನಲ್ಲಿ ಮೊದಲು ಈತನ ಹೆಸರು. ಇಟಲಿಯಲ್ಲಿ ದೊಡ್ಡ ಸ್ಟಾರ್. ಅದರಲ್ಲೂ ಒಂದು ತಮಾಷೆ ಇದೆ. ಇಟಲಿ ಭಾಷೆಯ ಆವೃತ್ತಿಯಲ್ಲಿ ಲಿಯೋನೆ ಸಿನಿಮಾಗಳಿಗೆ ಈತನ ಪಾತ್ರಕ್ಕೆ ಧ್ವನಿ ಕೊಟ್ಟಿದ್ದು ಎಮಿಲಿಯೋ ಚಿಗೋಲಿ ಅನ್ನೋ ಕಲಾವಿದ. 'ಹೈ ನೂನ್'ನಲ್ಲಿ ಮಾತೇ ಇರಲಿಲ್ಲ, ಇಲ್ಲಿ ಮಾತಿದ್ದರೂ ಧ್ವನಿ ಬೇರೆಯವರದ್ದು. ಎರಡೂ ಕಡೆ ದುಡಿದಿದ್ದು ಆ ಮುಖವೇ.

ಸರಿ. ಇಲ್ಲಿಗೆ ನಿಲ್ಲಿಸಿದರೆ ಇದು ವಾಟ್ಸಾಪ್‌ನಲ್ಲಿ ಬೆಳಗ್ಗೆ ಬೆಳಗ್ಗೆ ಬರುತ್ತಲ್ಲ, ಆ ಥರದ ಕಥೆ ಆಗುತ್ತೆ. 'ತಾಳ್ಮೆ ಇರಲಿ, ನಿನ್ನ ಕಾಲ ಬಂದೇ ಬರುತ್ತೆ' ಅಂತ ಕೆಳಗೊಂದು ಸೂರ್ಯೋದಯದ ಫೋಟೋ. ಆದರೆ ನಾನು ಇಲ್ಲಿಗೆ ನಿಲ್ಲಿಸಲ್ಲ. ಯಾಕಂದ್ರೆ ಕಾಲ ಬಾರದವರ ಲೆಕ್ಕ ಆ ಮೆಸೇಜಿನಲ್ಲಿ ಇರೋದೇ ಇಲ್ಲ.

1968ರಲ್ಲಿ ಲಿಯೋನೆ 'ಒನ್ಸ್ ಅಪಾನ್ ಎ ಟೈಮ್ ಇನ್ ದಿ ವೆಸ್ಟ್' ಮಾಡಿದ. ಅದರ ಆರಂಭ 'ಹೈ ನೂನ್'ಗೆ ಮಾಡಿದ ನಮಸ್ಕಾರ. ಮತ್ತೆ ಒಂದು ಸ್ಟೇಷನ್, ಮತ್ತೆ ಮೂವರು ಬಂದೂಕುಧಾರಿಗಳು, ಮತ್ತೆ ರೈಲಿಗೆ ಕಾಯೋದು. ಮಾತು ಬಹಳ ಕಮ್ಮಿ. ಒಬ್ಬನ ಮುಖದ ಮೇಲೆ ನೊಣ ಓಡಾಡುತ್ತೆ, ಅವನು ಅದನ್ನು ಬಂದೂಕಿನ ನಳಿಗೆಯಲ್ಲಿ ಹಿಡಿದು ಅದರ ಗುಂಯ್‌ಗುಟ್ಟುವಿಕೆ ಕೇಳ್ತಾನೆ. ಅವನು ಜಾಕ್ ಎಲಾಂ. ಇನ್ನೊಬ್ಬನ ತಲೆ ಮೇಲೆ ನೀರಿನ ಹನಿ ಬೀಳುತ್ತೆ, ಟೋಪಿಯಲ್ಲಿ ಹಿಡಿದು ಕುಡೀತಾನೆ. ಅವನು ವುಡಿ ಸ್ಟ್ರೋಡ್. ಮೂರನೆಯವನು ಸುಮ್ಮನೆ ಬೆರಳಿನ ಗೆಣ್ಣು ಲಟಲಟ ಮುರೀತಾನೆ. ಅವನು ಆಲ್ ಮುಲಾಕ್.

ಜಾಕ್ ಎಲಾಂ ಕೂಡ ವ್ಯಾನ್ ಕ್ಲೀಫ್ ಥರಾನೇ ಲೆಕ್ಕಪತ್ರದ ಕೆಲಸದಿಂದ ಬಂದವನು. ಚಿಕ್ಕಂದಿನಲ್ಲಿ ಪೆನ್ಸಿಲ್ ಚುಚ್ಚಿ ಎಡಗಣ್ಣು ಹೋಗಿತ್ತು. ಅಂಕಿ ನೋಡಿ ನೋಡಿ ಉಳಿದ ಕಣ್ಣೂ ಹೋಗುತ್ತೆ ಅಂದಾಗ ನಟನೆಗೆ ಬಂದ. 'ಹೈ ನೂನ್'ನಲ್ಲಿ ಆತನೂ ಇದ್ದಾನೆ, ಲಾಕಪ್ಪಿನಲ್ಲಿರುವ ಕುಡುಕನಾಗಿ. ಟೈಟಲ್ ಕಾರ್ಡಿನಲ್ಲಿ ಹೆಸರೂ ಹಾಕಿಲ್ಲ. ಆತ ಹೇಳುತ್ತಿದ್ದ ಹಳೇ ಜೋಕ್ ಒಂದಿದೆ. ನಟನ ಬದುಕಿಗೆ ಐದು ಹಂತ. ಮೊದಲು, ಯಾರೀ ಜಾಕ್ ಎಲಾಂ? ಆಮೇಲೆ, ಜಾಕ್ ಎಲಾಂ ಕರೆಸಿ. ಆಮೇಲೆ, ಜಾಕ್ ಎಲಾಂ ಥರದವನನ್ನು ಕರೆಸಿ. ಆಮೇಲೆ, ಜಾಕ್ ಎಲಾಂ ಥರ ಇರೋ ಸಣ್ಣ ವಯಸ್ಸಿನವನನ್ನು ಕರೆಸಿ. ಕೊನೆಗೆ ಮತ್ತೆ, ಯಾರೀ ಜಾಕ್ ಎಲಾಂ? ನಕ್ಕುಬಿಡಿ, ಪರವಾಗಿಲ್ಲ. ಆತನೂ ನಗಿಸೋಕೇ ಹೇಳ್ತಿದ್ದ.

ವುಡಿ ಸ್ಟ್ರೋಡ್ ಕಪ್ಪುವರ್ಣೀಯ. 1946ರಲ್ಲಿ ಅಮೆರಿಕದ ವೃತ್ತಿಪರ ಫುಟ್‌ಬಾಲ್ ಲೀಗಿನಲ್ಲಿ ಬಣ್ಣದ ಗೋಡೆ ಒಡೆದ ಆಟಗಾರರಲ್ಲಿ ಒಬ್ಬ. 'ಲಿಬರ್ಟಿ ವ್ಯಾಲೆನ್ಸ್'ನಲ್ಲಿ ವ್ಯಾನ್ ಕ್ಲೀಫ್ ವಿಲನ್‌ನ ಹಿಂದೆ ನಿಂತಿದ್ದರೆ, ಸ್ಟ್ರೋಡ್ ಹೀರೋ ಜಾನ್ ವೇನ್ ಹಿಂದೆ ಆಳಾಗಿ ನಿಂತಿದ್ದ. ವ್ಯಾನ್ ಕ್ಲೀಫ್‌ಗೆ ಅಡ್ಡ ಬಂದಿದ್ದು ಮೂಗು. ಸ್ಟ್ರೋಡ್‌ಗೆ ಅಡ್ಡ ಬಂದಿದ್ದನ್ನು ಆಪರೇಷನ್ ಮಾಡಿಸಿ ಅಂತ ಹೇಳೋಕೂ ಆಗ್ತಿರಲಿಲ್ಲ.

ಇನ್ನು ಆಲ್ ಮುಲಾಕ್. ಕೆನಡಾದವನು. 'ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ' ಶುರುವಾದಾಗ ಖಾಲಿ ಬಯಲಿನ ದೃಶ್ಯದೊಳಗೆ ಧುತ್ತನೆ ಒಂದು ಒರಟು ಮುಖ ಬರುತ್ತಲ್ಲ, ಅದು ಈತನದ್ದು. ವ್ಯಾನ್ ಕ್ಲೀಫ್ 'ಹೈ ನೂನ್'ನ ಮೊದಲ ಮುಖ ಆದ ಹಾಗೆ, ಈತ ಆ ಸಿನಿಮಾದ ಮೊದಲ ಮುಖ. ಇಬ್ಬರೂ ಒಂದೇ ಸಿನಿಮಾದಲ್ಲಿ, ಒಬ್ಬನೇ ನಿರ್ದೇಶಕನ ಕೈಯಲ್ಲಿ ದುಡಿದವರು. ಒಬ್ಬ ಸ್ಟಾರ್ ಆದ. ಇನ್ನೊಬ್ಬ 1968ರಲ್ಲಿ, ಆ ಸ್ಟೇಷನ್ ದೃಶ್ಯದ ಸಿನಿಮಾ ಶೂಟಿಂಗ್ ಇನ್ನೂ ನಡೀತಿದ್ದಾಗಲೇ, ಸ್ಪೇನಿನ ಗ್ವಾದಿಶ್ ಊರಿನಲ್ಲಿ ಪಾತ್ರದ ಬಟ್ಟೆಯಲ್ಲೇ ತನ್ನ ಜೀವ ತೆಗೆದುಕೊಂಡ. ಯಾಕೆ ಅಂತ ಊಹೆ ಮಾಡಿ ನಾಲ್ಕು ಜನರನ್ನು ಕೂರಿಸಿ ಡಿಬೇಟ್ ಮಾಡೋದು ಬೇಡ. ಸತ್ತವನ ಮನಸ್ಸಿನೊಳಗೆ ಕ್ಯಾಮೆರಾ ಇಡೋಕಾಗಲ್ಲ. ಆದರೆ ಸೂರ್ಯೋದಯದ ಫೋಟೋ ಹಾಕುವ ಮುಂಚೆ ಈ ಮನುಷ್ಯನನ್ನೂ ಒಂದು ಸಲ ನೆನೆಯೋಣ.

ಹಾಗಾದ್ರೆ ವ್ಯಾನ್ ಕ್ಲೀಫ್ ಕಥೆಯಿಂದ ತಿಳಿಯೋದೇನು? ಕಷ್ಟಪಟ್ಟರೆ ಫಲ ಸಿಗುತ್ತೆ ಅಂತ ನಾನು ಹೇಳಲ್ಲ. ಲೀ ಮಾರ್ವಿನ್ ಆ ಸಿನಿಮಾ ಒಪ್ಪಿಕೊಂಡಿದ್ದರೆ? ಲಿಯೋನೆಗೆ ಆ ಮುಖ ನೆನಪಾಗದೆ ಹೋಗಿದ್ದರೆ? ಇದೇ ಮನುಷ್ಯ, ಇದೇ ಪ್ರತಿಭೆ, ಚಿತ್ರ ಬರೆದುಕೊಂಡು ಸುಮ್ಮನೆ ಬದುಕಿ ಹೋಗ್ತಿದ್ದ. ಆಗ ಆತ ಕಮ್ಮಿ ನಟ ಆಗ್ತಿದ್ದನಾ? ಇಲ್ಲ. ಆ 13 ವರ್ಷ ಮಾಡಿದ್ದೂ ಕೆಲಸವೇ. ಆ ಕೆಲಸ ಸರಿಯಾಗಿ ಮಾಡಿದ್ದಕ್ಕೇ ಸಾವಿರಾರು ಮೈಲಿ ದೂರದ ರೋಮ್‌ನಲ್ಲಿ ಕೂತ ಒಬ್ಬನಿಗೆ ಆ ಮುಖ ನೆನಪಿತ್ತು.

ನಾನು ಓದಿದ್ದು ಎಂಜಿನಿಯರಿಂಗ್. ಅಲ್ಲಿ ಸಪೋರ್ಟ್ ಅಂದ್ರೆ ಸೆಕೆಂಡ್ ಕ್ಲಾಸ್ ಅಂತ ಅರ್ಥ ಅಲ್ಲ. ಭಾರ ಹೊರುವ ಜಾಗ ಅಂತ. ತೊಲೆಯನ್ನು ಎಲ್ಲರೂ ನೋಡ್ತಾರೆ, ಲೆಕ್ಕ ಶುರುವಾಗೋದು ಮಾತ್ರ ಸಪೋರ್ಟಿನಿಂದ. ಅದು ತಪ್ಪಿದರೆ ತೊಲೆ ಎಷ್ಟೇ ಚೆನ್ನಾಗಿದ್ದರೂ ಕೆಳಗೆ. ಕನ್ನಡದಲ್ಲಿ ಇನ್ನೂ ಚೆನ್ನಾಗಿ ಹೇಳ್ತೀವಿ. ಪೋಷಕ ನಟ. ಪೋಷಿಸುವವನು, ಸಾಕುವವನು. ಹೀರೋನ ಧೈರ್ಯವನ್ನು ಸಾಕುವವನು ಎದುರಿಗೆ ನಿಂತ ಆ ಕೆಟ್ಟ ಮುಖ. ಅದರಲ್ಲಿ ಭಯ ಇಲ್ಲ ಅಂದ್ರೆ ಗ್ಯಾರಿ ಕೂಪರ್ ಧೈರ್ಯಕ್ಕೆ ಬೆಲೆ ಎಲ್ಲಿ? ದೂರ ಯಾಕೆ ಹೋಗ್ತೀರಿ, ನಮ್ಮ ರಾಮನಗರದ ಬಂಡೆಗಳಿಗೇ ಬನ್ನಿ. ಲಿಯೋನೆ ಸಿನಿಮಾಗಳ ನೆರಳಿನಲ್ಲೇ ಹುಟ್ಟಿದ 'ಶೋಲೆ' ಶೂಟಿಂಗ್ ನಡೆದಿದ್ದು ಅಲ್ಲೇ. ಆ ಬಂಡೆ ಮೇಲೆ ಬಂದೂಕು ಹಿಡಿದು ಕೂತಿದ್ದ ಸಾಂಬನಿಗೆ ಎಷ್ಟು ಮಾತಿತ್ತು? 1975ರಿಂದ ಇವತ್ತಿನವರೆಗೂ ಯಾರಾದ್ರೂ ಮರೆತಿದ್ದಾರಾ?

ವ್ಯಾನ್ ಕ್ಲೀಫ್ ಕೊನೆವರೆಗೂ ದುಡಿದ. 1981ರಲ್ಲಿ 'ಎಸ್ಕೇಪ್ ಫ್ರಮ್ ನ್ಯೂಯಾರ್ಕ್', 1984ರಲ್ಲಿ ಒಂದು ಟಿವಿ ಸೀರಿಯಲ್‌ನಲ್ಲಿ ವಯಸ್ಸಾದ ನಿಂಜಾ. 1989ರ ಡಿಸೆಂಬರ್ 16ರಂದು ತೀರಿಕೊಂಡ. 64 ವರ್ಷ. ಗೋರಿಯ ಮೇಲೆ ಬರೆದಿದ್ದಾರೆ, ಕೆಟ್ಟವರಲ್ಲಿ ಅತ್ಯುತ್ತಮ ಅಂತ. ಆ ಸ್ಮಶಾನದ ಸೆಟ್ ಕಥೆಯೂ ಕೇಳಿ. ಸ್ಪೇನಿನಲ್ಲಿ ಅದು ಹುಲ್ಲು ಬೆಳೆದು ಮುಚ್ಚಿಹೋಗಿತ್ತು. 2015ರಿಂದ ಅಭಿಮಾನಿಗಳು ಬಂದು, ಗುದ್ದಲಿ ಹಿಡಿದು, ಮೂವರು ನಿಂತಿದ್ದ ಆ ಕಲ್ಲಿನ ವೃತ್ತವನ್ನು ಅಗೆದು ಹೊರತೆಗೆದಿದ್ದಾರೆ.

ಕೊನೆಗೆ ಒಂದು ಮಾತು, ಇದು ನಮ್ಮ ಟಿವಿಯವರಿಗೇ. ಸಿನಿಮಾ ಮುಗೀತಿದ್ದ ಹಾಗೆ ಹೆಸರುಗಳು ಮೇಲಕ್ಕೆ ಹೋಗೋಕೆ ಶುರುವಾಗುತ್ತೆ, ಅಷ್ಟರಲ್ಲಿ ನಾವು ಜಾಹೀರಾತು ಹಾಕಿಬಿಡ್ತೀವಿ. ಹೀರೋ ಹೆಸರು ಶುರುವಿನಲ್ಲೇ ಬಂದಿರುತ್ತೆ, ಅದಕ್ಕೇನೂ ಆಗಲ್ಲ. ಕತ್ತರಿ ಬೀಳೋದು ಡ್ರೈವರ್ ಪಾತ್ರ ಮಾಡಿದವನ ಹೆಸರಿಗೆ, ಲೈಟ್ ಹಿಡಿದವನ ಹೆಸರಿಗೆ, ಫೈಟಲ್ಲಿ ಗಾಜು ಒಡೆದುಕೊಂಡು ಬಿದ್ದವನ ಹೆಸರಿಗೆ. ಅವನ ಮನೆಯಲ್ಲಿ ಮಕ್ಕಳು ಆ ಒಂದು ಸಾಲಿಗೇ ಕಾಯ್ತಾ ಕೂತಿರ್ತಾರೆ. ಎರಡು ನಿಮಿಷದ ಸಮಯ ಅದು. ಕೊಡೋಣ. ಕೂಲಿಯನ್ನೂ ಸರಿಯಾಗಿ ಕೊಡೋಣ, ಹೆಸರನ್ನೂ ಸರಿಯಾಗಿ ತೋರಿಸೋಣ.

ಮುಂದಿನ ಸಲ ನೀವು ಸಿನಿಮಾ ನೋಡುವಾಗ ಹೀರೋ ಪಕ್ಕದಲ್ಲಿ, ಸ್ವಲ್ಪ ಹಿಂದೆ, ಮಾತಿಲ್ಲದೆ ನಿಂತವನ ಕಡೆ ಒಮ್ಮೆ ಕಣ್ಣು ಹಾಯಿಸಿ. ನಾಳೆ ಮತ್ತೆ ಸಿಗೋಣ. ನಾಳೆ ರಾಜಕೀಯ ಇದ್ದೇ ಇರುತ್ತೆ.